ಕಸೂತಿ ಚೀಲದಲ್ಲಿ ಮಾಮನ ಮೆಡಲ್

“ಆಯೀ! ಆ ಚೀಲಾ ಮಾರಬ್ಯಾಡ!”

ವಿದ್ಯಾ ಕಿರುಚಿದ ರಭಸಕ್ಕೆ ಕಲಂಗೂಟ್ ಬೀಚಿನ ಕಾಗೆಗಳೆಲ್ಲ ಹಾರಿಹೋದವು. ಸಮುದ್ರ ಹೆದರಿ ಹಿಂದಕ್ಕೆ ಸರಿಯಿತು. ಪೋರ್ಚುಗೀಸರು ಹೋದ ಮೇಲೆ ಗೋವಾದಲ್ಲಿ ಇಷ್ಟು ದೊಡ್ಡ ಸದ್ದು ಆಗಿಯೇ ಇರಲಿಲ್ಲ. ನಂಬದಿದ್ದರೆ ಆ ಕಾಗೆಗಳನ್ನೇ ಕೇಳಿ.

ಕೇಳಿಸದೆ ಇದ್ದದ್ದು ಅಜ್ಜಿ ಥಾವರಿಬಾಯಿಗೆ ಮಾತ್ರ. ಗಿರಾಕಿ ಎದುರಿಗಿದ್ದರೆ ಆಕೆಗೆ ಗುಡುಗೂ ಕೇಳಿಸುವುದಿಲ್ಲ. ಕೆಂಪು ಟೋಪಿಯ ವಿದೇಶಿ ಆಂಟಿಯೊಬ್ಬಳು ಅಜ್ಜಿಯ ಕಸೂತಿ ಚೀಲವನ್ನು ತಿರುಗಿಸಿ ತಿರುಗಿಸಿ ನೋಡುತ್ತಿದ್ದಳು. ಕನ್ನಡಿ ಚೂರು, ಕವಡೆ, ಹಳೆ ನಾಣ್ಯಗಳ ನಟ್ಟನಡುವೆ ತಟ್ಟೆಯಷ್ಟು ದೊಡ್ಡ ಕಂಚಿನ ಬಿಲ್ಲೆ. ಅದರ ಮೇಲೆ ಭೂಮಿಯ ಚಿತ್ರ, ಸುತ್ತ ಎಲೆಗಳು.

ಅದು ನಾಣ್ಯವಲ್ಲ. ರವಿಕುಮಾರ ಮಾಮನ ಮೆಡಲ್!

ಮಾಮ ಮಿಲಿಟರಿಯವನು. ವಿಶ್ವಸಂಸ್ಥೆಯ ಶಾಂತಿಪಡೆಯಲ್ಲಿ, ಎಷ್ಟೋ ದೇಶಗಳ ಸೈನಿಕರ ಜೊತೆ ದಕ್ಷಿಣ ಸುಡಾನ್‌ಗೆ ಹೋಗಿ ಬಂದಿದ್ದ. ಅದಕ್ಕೇ ಈ ಮೆಡಲ್. ವಿದ್ಯಾ ಶಾಲೆಯಲ್ಲಿ ಹೇಳಿದ್ದೇ ಬೇರೆ: ಮಾಮ ಒಂದು ಕೈಯಲ್ಲಿ ಸಿಂಹ, ಇನ್ನೊಂದು ಕೈಯಲ್ಲಿ ಮೊಸಳೆ ಹಿಡಿದು, ಹಲ್ಲಲ್ಲಿ ಬಾಂಬ್ ಕಚ್ಚಿ ಎಸೆದನಂತೆ! “ಪ್ರೂಫ್ ತೋರಸು” ಅಂದ ಅವಳ ಕ್ಲಾಸಿನ ಬಾಳು. ಶುಕ್ರವಾರ ಯಾರಿಗೂ ಹೇಳದೆ ಮಾಮನ ಬ್ಯಾಗಿನಿಂದ ಮೆಡಲ್ ಎತ್ತಿಕೊಂಡು ಹೋಗಿ ತೋರಿಸಿದಳು. ಚಿಂಬಲ್‌ನ ಮನೆಗೆ ಮರಳಿದರೆ ಬಾಗಿಲಲ್ಲೇ ಮಾಮ! ಗಾಬರಿಯಲ್ಲಿ ಅದನ್ನು ಅಜ್ಜಿಯ ನಾಣ್ಯದ ಡಬ್ಬಿಗೆ ಹಾಕಿಬಿಟ್ಟಳು.

ಲಂಬಾಣಿ ಅಜ್ಜಿಯ ಡಬ್ಬಿಗೆ ಬಿದ್ದದ್ದು ಅಲ್ಲೇ ಉಳಿಯುತ್ತದೆಯೇ? ದುಂಡಗಿದ್ದು, ದಾರ ಪೋಣಿಸಲು ಕೊಂಡಿಯೊಂದಿದ್ದರೆ ಚಂದ್ರನನ್ನೂ ಲಂಗಕ್ಕೆ ಹೊಲಿಯುವವಳು ಆಕೆ. ಮೆಡಲಿನ ನೀಲಿ ಪಟ್ಟಿ ಆಗಲೇ ಚೀಲದ ಗುಂಡಿಗೆ ಕುಣಿಕೆಯಾಗಿತ್ತು. ಇವತ್ತು ಸಂಜೆಯ ರೈಲಿಗೆ ಮಾಮ ಡ್ಯೂಟಿಗೆ ಹೊರಡಬೇಕು. ಯೂನಿಫಾರ್ಮಿಗೆ ಆ ಮೆಡಲ್ ಬೇಕೇ ಬೇಕು.

ವಿದ್ಯಾ ಮರಳಿನಲ್ಲಿ ಬಿರುಗಾಳಿಯಂತೆ ಓಡಿದಳು. ಅಷ್ಟರಲ್ಲಿ ಪಕ್ಕದ ಚಾಪೆಯಲ್ಲಿ ಸರ ಮಾರುವ ಹೇಮಿಬಾಯಿ ಎದ್ದು ಬಂದಳು.

“ಏ ಥಾವರಿ, ಈ ಗಿರಾಕಿ ಮೊದಲ ನನ್ನ ಚಾಪಿ ಮುಂದ ನಿಂತಿದ್ಲು! ಭಾಳ ಶಾಣ್ಯಾಕಿ ಆಗಬ್ಯಾಡ!”

“ನಿಂತ್ರ ಏನಾತು? ಮುಂಜಾನೆ ನಾಯೀನೂ ನಿಂತಿತ್ತು. ಅದಕ್ಕೂ ಸರಾ ಮಾರಿದೇನು?”

ಮುಗಿಯಿತು! ಹೇಮಿಬಾಯಿ ಚೀಲದ ಒಂದು ಬದಿ ಹಿಡಿದು ಎಳೆದಳು, ಅಜ್ಜಿ ಇನ್ನೊಂದು ಬದಿ. ವಿದೇಶಿ ಆಂಟಿ ಕೈಬಿಟ್ಟು ದೂರ ಸರಿದಳು. ಟಪ್! ಹೊಲಿಗೆ ಹರಿಯಿತು. ಮೆಡಲ್ ಒಂದೇ ಎಳೆಯಲ್ಲಿ ಜೋತಾಡಿತು.

ವಿದ್ಯಾಳಿಗೆ ಬೇರೆ ಏನೂ ತೋಚಲಿಲ್ಲ. ಇಬ್ಬರ ನಡುವೆ ನುಗ್ಗಿ, ಎರಡೂ ಕೈ ಚಾಚಿ ನಿಂತುಬಿಟ್ಟಳು. ಈ ಕಡೆಯಿಂದ ಅಜ್ಜಿಯ ಮೊಣಕೈ ತಾಗಿತು. ಆ ಕಡೆಯಿಂದ ಹೇಮಿಬಾಯಿಯ ಬಳೆ ಕೆನ್ನೆಯನ್ನು ಗೀರಿತು. ಅವಳು ಕದಲಲಿಲ್ಲ.

“ಜಗ್ಗೂದಾದ್ರ ನನ್ನ ಜಗ್ಗ್ರಿ!”

“ಅಯ್ಯ, ಕೂಸಿಗೆ ಹತ್ತೇತಲ್ಲ!” ಎಂದು ಹೇಮಿಬಾಯಿ ಚೀಲ ಬಿಟ್ಟಳು. ಅಜ್ಜಿಯೂ ಬಿಟ್ಟಳು. ಚೀಲ ವಿದ್ಯಾಳ ಕೈಯಲ್ಲಿ ಉಳಿಯಿತು.

ಹಿಂದಿನಿಂದ ಯಾರೋ ನಕ್ಕರು. ನೋಡಿದರೆ ಅಜ್ಜಿಯ ಊಟದ ಡಬ್ಬಿ ಹಿಡಿದ ಮಾಮ! ವಿದ್ಯಾಳ ಕಣ್ಣಿಂದ ಮಾಂಡವಿ ನದಿಯೇ ಹರಿಯಿತು.

“ಮಾಮಾ... ಕೇಳದ ಒಯ್ದಾಕಿ ನಾನೇ.”

ಮಾಮ ಚೀಲ ನೋಡಿದ. “ನಮ್ಮ ಸಾಹೇಬ್ರೂ ಇಷ್ಟು ಚಂದ ಹಚ್ಚಿರಲಿಲ್ಲ ಬಿಡು! ಇನ್ನ ಮ್ಯಾಲೆ ಕೇಳಿ ಒಯ್ಯಿ, ತಿಳೀತಿಲ್ಲೋ?” ಆಮೇಲೆ ಅವಳ ಕೆನ್ನೆ ಮುಟ್ಟಿದ. “ಸುಡಾನದಾಗೂ ನಾವು ಹಿಂಗ ನಿಂತಿದ್ವಿ. ಒಂದು ಬಾವಿ ಸಲುವಾಗಿ ಜಗಳ, ಈ ಕಡೆ ಒಂದು ಊರು, ಆ ಕಡೆ ಒಂದು ಊರು. ನಡುವ ನಾವು.”

“ಗುಂಡು ಹಾರಿಸಿದ್ಯಾ?”

“ಹಾರಬಾರದು ಅಂತ ನಿಂತಿದ್ವಿ.”

“ಮತ್ತ ಮೊಸಳಿ?”

“ಒಂದು ನೋಡಿದ್ದೆ. ಬಿಸಲಾಗ ಬಾಯಿ ತಗದು ಮಲಗಿತ್ತು, ನಿಮ್ಮ ಅಪ್ಪನಂಗ.”

ಅಜ್ಜಿ ಮೆಡಲನ್ನೂ ಪಟ್ಟಿಯನ್ನೂ ಬಿಚ್ಚಿಕೊಟ್ಟಳು. “ಭಾಳ ಭಾರ ಇತ್ತು, ಚಲೋ ನಾಣ್ಯ ಅನಕೊಂಡಿದ್ದೆ!” ಚೀಲದ ನಡುವೆ ಖಾಲಿಯಾದ ಜಾಗಕ್ಕೆ ಹೇಮಿಬಾಯಿ ತನ್ನ ಡಬ್ಬಿಯಿಂದಲೇ ಒಂದು ಹಳೆ ನಾಣ್ಯ ಕೊಟ್ಟಳು. ಅಜ್ಜಿ ಹೊಲಿದಳು. ಕೆಂಪು ಟೋಪಿಯ ಆಂಟಿ ಆ ಚೀಲವನ್ನೂ ಕೊಂಡಳು, ಹೇಮಿಬಾಯಿಯ ಸರವನ್ನೂ ಕೊಂಡಳು.

ಸೋಮವಾರ ಶಾಲೆಯಲ್ಲಿ ಬಾಳು ಎಲ್ಲರ ಮುಂದೆ ಕೇಳಿದ, “ಖರೇ ಹೇಳು, ನಿಮ್ಮ ಮಾಮ ಎಷ್ಟು ಮಂದೀನ್ನ ಹೊಡದ?”

ಸಿಂಹ, ಮೊಸಳೆ, ಬಾಂಬ್ ಎಲ್ಲವೂ ವಿದ್ಯಾಳ ನಾಲಿಗೆಯ ತುದಿಗೆ ಬಂದು ಸಾಲಾಗಿ ನಿಂತವು. ಅವಳು ಅವನ್ನು ನುಂಗಿಕೊಂಡಳು.

“ಒಬ್ಬರನ್ನೂ ಇಲ್ಲ.”

“ಮತ್ತ ಮೆಡಲ್ ಯಾಕ ಕೊಟ್ರು?”

ವಿದ್ಯಾ ಕೆನ್ನೆಯ ಗೀರನ್ನು ಮೆಲ್ಲಗೆ ಸವರಿಕೊಂಡಳು.

“ಅದಕ್ಕೇ ಕೊಟ್ರು.”