ಬೂದಿಗಿರಿಯಲ್ಲಿ ದಾರಿ ತೋರಿಸುವವನು

ಬಹಳ ಬಹಳ ಹಿಂದೆ, ತೆಂಕಣ ಕಡಲಿನ ನಟ್ಟನಡುವೆ, ಬೂದಿಗಿರಿ ಎಂಬ ರಾಜ್ಯವಿತ್ತು. ಅಲ್ಲಿ ಬೆಳೆ ಕಡಿಮೆ, ಬೆಂಕಿ ಹೆಚ್ಚು. ರಾಜ್ಯದ ಮಧ್ಯೆ ಉರಿ ಕಾರುವ ಒಂದು ಬೆಟ್ಟ. ಬೆಟ್ಟದ ಒಂದು ಮಗ್ಗುಲಲ್ಲಿ ಕರಗಿದ ಕಲ್ಲಿನ ಕೆರೆ, ಇನ್ನೊಂದು ಮಗ್ಗುಲಲ್ಲಿ ಸಾಲು ಸಾಲು ಜಲಪಾತ. ಇದನ್ನು ನೋಡಲು ದೇಶದೇಶಗಳ ಜನ ಹಡಗು ಹತ್ತಿ ಬರುತ್ತಿದ್ದರು. ಬೆಳಿಗ್ಗೆ ಮೂಡಣ ಬಾಗಿಲಲ್ಲಿ ಒಳಗೆ ಹೋಗುವುದು, ಸಂಜೆ ಪಡುವಣ ಬಾಗಿಲಲ್ಲಿ ಹೊರಗೆ ಬರುವುದು. ಒಂದು ಹಗಲಿನ ನಡಿಗೆ, ಅಷ್ಟೆ. ಮುಂದೆ ಒಬ್ಬ ಕೋಲು ಹಿಡಿದು ನಡೆಯುತ್ತಿದ್ದ. ಹಿಂದೆ ಜನ ನಡೆಯುತ್ತಿದ್ದರು.

ಆ ಕೋಲು ಹಿಡಿದವನ ಹೆಸರು ಕೇತ.

ಬೆಟ್ಟದ ಒಡೆಯ ಮಾತ್ರ ಬೇರೆ. ಅವನು ಧೂಮಾಂಗದನೆಂಬ ಮಾಂತ್ರಿಕ. ಧೂಮಾಂಗದ ಅನ್ನ ತಿನ್ನುತ್ತಿರಲಿಲ್ಲ, ಮಾಂಸ ಮುಟ್ಟುತ್ತಿರಲಿಲ್ಲ. ಜನರ ಬೆರಗೇ ಅವನ ಊಟ. ಬಂದವರು ಬೆಂಕಿಯನ್ನು ನೋಡಿ "ಆಹಾ" ಎಂದರೆ ಅವನಿಗೆ ಒಂದು ತುತ್ತು. ನೀರನ್ನು ನೋಡಿ "ಅಬ್ಬಬ್ಬಾ" ಎಂದರೆ ಇನ್ನೊಂದು ತುತ್ತು. ಮೊದಲೆಲ್ಲ ಅವನೇ ಮುಂದೆ ನಿಂತು ಬೆಟ್ಟ ತೋರಿಸುತ್ತಿದ್ದ. ಆದರೆ ತೋರಿಸುವ ಕಲೆ ಅವನಿಗೆ ಬರುತ್ತಿರಲಿಲ್ಲ. ಇದು ಬೆಂಕಿ, ಇದು ನೀರು, ಮುಂದೆ ನಡೀರಿ, ಎನ್ನುತ್ತಿದ್ದ. ಹೀಗಾಗಿ ಅರೆಹೊಟ್ಟೆಯಲ್ಲೇ ಇರುತ್ತಿದ್ದ.

ಕೇತ ಆಗ ಪಡುವಣ ಬಾಗಿಲ ಊರಿನ ಹುಡುಗ. ಅಪ್ಪ ಅಮ್ಮ ಇರಲಿಲ್ಲ, ಅಕ್ಕ ಸಾತವ್ವ ಇದ್ದಳು. ಒಂದು ಬೆಳಿಗ್ಗೆ ಅವನೂ ಬೆಟ್ಟ ನೋಡಲು ಹೊರಟ. ಮಾಂತ್ರಿಕನ ವಿವರಣೆ ಕೇಳಿ ಕೇಳಿ ಬೇಸತ್ತು, "ಏನು ತೋರಿಸ್ತೀಯಯ್ಯಾ ನೀನು! ಗಾಳಿ ಈ ಕಡೆ ತಿರುಗುವ ಹೊತ್ತಿಗೆ ಜನರನ್ನ ಇಲ್ಲಿ ನಿಲ್ಲಿಸಬೇಕು, ಆಗ ನೋಡು ಕೆರೆಯ ಬಣ್ಣ. ನಾನಾಗಿದ್ದರೆ ಇದಕ್ಕಿಂತ ಸಾವಿರ ಪಾಲು ಚೆನ್ನಾಗಿ ತೋರಿಸ್ತಿದ್ದೆ," ಎಂದುಬಿಟ್ಟ.

"ಹಾಗಾದರೆ ತೋರಿಸು," ಎಂದು ಧೂಮಾಂಗದ ಕೋಲನ್ನು ಅವನ ಕೈಗೆ ಕೊಟ್ಟ. ಕೋಲು ಹಿಡಿದದ್ದೇ ಕೇತ ಬೆಟ್ಟಕ್ಕೆ ಕಟ್ಟುಬಿದ್ದ. ಒಬ್ಬನೇ ಬಾಗಿಲ ಕಡೆ ಹೆಜ್ಜೆ ಇಟ್ಟರೆ ಅವನ ಕಾಲು ಹೊಗೆಯಾಗುತ್ತಿತ್ತು.

ಧೂಮಾಂಗದ ಇನ್ನೂ ಒಂದು ಕೆಲಸ ಮಾಡಿದ. ಜನರ ಬೆರಗು ಪೂರ್ತಿ ಬೆಟ್ಟಕ್ಕೇ ಸಲ್ಲಬೇಕು, ದಾರಿ ತೋರಿಸಿದವನಿಗೆ ಅದರಲ್ಲಿ ಒಂದು ಚೂರೂ ಹೋಗಬಾರದು ಎಂದು ಕೊನೆಯ ಜಲಪಾತಕ್ಕೆ ಮಂತ್ರ ಹಾಕಿದ. ಹೊರಗೆ ಹೋಗುವವರು ಆ ನೀರಿನ ಅಡಿಯಲ್ಲೇ ಹಾದು ಹೋಗಬೇಕು. ಹಾದವರಿಗೆ ಬೆಂಕಿ ನೆನಪಿರುತ್ತಿತ್ತು, ನೀರು ನೆನಪಿರುತ್ತಿತ್ತು, ಕೇತ ನೆನಪಿರುತ್ತಿರಲಿಲ್ಲ. ಮಂತ್ರ ಊರಿಗೂ ಹರಿಯಿತು. ಸಾತವ್ವನೂ ತಮ್ಮನನ್ನು ಮರೆತಳು.

"ಬಿಡುಗಡೆ ಇಲ್ಲವೇ?" ಎಂದು ಕೇತ ಕೇಳಿದ.

"ಇದೆಯಲ್ಲ," ಎಂದು ಮಾಂತ್ರಿಕ ನಕ್ಕ. "ಯಾರಾದರೂ ಒಬ್ಬರು ನಿನ್ನ ಕೈ ಹಿಡಿದು ಜಲಪಾತ ದಾಟಿಸಲಿ. ಆಮೇಲೆ ಬಾಗಿಲವರೆಗೂ ಕೈ ಬಿಡದೆ ಕರೆದೊಯ್ಯಲಿ. ನೀನು ಯಾರೆಂದೇ ಗೊತ್ತಿಲ್ಲದೆ ಯಾರು ಕೈ ಹಿಡಿದುಕೊಂಡಿರುತ್ತಾರೆ, ನೋಡೋಣ!"

ಪಡುವಣ ಬಾಗಿಲ ಹೊರಗೇ ಸಾತವ್ವನ ಖಾನಾವಳಿ. ದಿನಾ ಸಂಜೆ ಕೇತ ನೀರಿನ ಪರದೆಯ ಈಚೆ ನಿಂತು ನೋಡುತ್ತಿದ್ದ. ಅಕ್ಕ ರೊಟ್ಟಿ ಬಡಿಯುತ್ತಿದ್ದಳು, ಬಂದವರಿಗೆ ಬಡಿಸುತ್ತಿದ್ದಳು. ಅವನು ಕೈಹಿಡಿದು ಬಂಡೆ ಹತ್ತಿಸಿದ ಜನ, ಅವನು ಮಾಡಿದ ತಮಾಷೆಗೆ ನಕ್ಕ ಜನ, ಅಲ್ಲಿ ಕೂತು ಉಣ್ಣುತ್ತ, "ದಾರಿ ಎಷ್ಟು ಸಲೀಸಾಗಿತ್ತು ನೋಡಿ!" ಎನ್ನುತ್ತಿದ್ದರು. ಆಮೇಲೆ ದೀಪ ಆರುತ್ತಿತ್ತು. ಕೇತ ಒಬ್ಬನೇ ಬೆಟ್ಟದ ಮೇಲೆ ಹಿಂದಕ್ಕೆ ನಡೆಯುತ್ತಿದ್ದ. ಬೆಳಿಗ್ಗೆ ಮತ್ತೆ ಮೂಡಣ ಬಾಗಿಲಲ್ಲಿ ನಿಂತು, "ಬನ್ನಿ, ಬನ್ನಿ, ಹುಷಾರಾಗಿ ಕಾಲಿಡಿ," ಎನ್ನುತ್ತಿದ್ದ. ವರ್ಷಗಳು ಹೀಗೇ ಹೋದವು.

ಒಮ್ಮೆ ಒಬ್ಬ ದಂಡಿನವನು ಬಂದ. ಕೇತನ ಕತೆ ಕೇಳಿ ಮೀಸೆ ತಿರುವಿ, "ನನ್ನ ಕತ್ತಿಯ ಆಣೆ, ಬಿಡಿಸ್ತೀನಿ," ಎಂದು ಕೈ ಹಿಡಿದ. ಜಲಪಾತದ ಆಚೆ ಹೋದದ್ದೇ, ಪಕ್ಕದಲ್ಲಿ ಯಾವನೋ ಅಂಟಿಕೊಂಡಿರುವುದನ್ನು ಕಂಡು, "ಕಳ್ಳ!" ಎಂದು ಅದೇ ಕತ್ತಿ ಎಳೆದ.

ಇನ್ನೊಮ್ಮೆ ಒಬ್ಬಳು ಹುಡುಗಿ ಬಂದಳು, ಚಂಪಾವತಿ ಎಂದು ಹೆಸರು. ದಾರಿಯುದ್ದಕ್ಕೂ ಅವನ ಪಕ್ಕದಲ್ಲೇ ನಡೆದಳು. ಕತೆ ಕೇಳಿ ಅತ್ತಳು. "ಜೀವ ಹೋದರೂ ಕೈ ಬಿಡಲ್ಲ," ಎಂದಳು, ಮನಸ್ಸಿನಿಂದಲೇ ಎಂದಳು. ನೀರು ದಾಟಿದ ಮೇಲೆ ತನ್ನ ಕೈಯನ್ನು ನೋಡಿಕೊಂಡಳು, ಅವನ ಮುಖವನ್ನು ನೋಡಿದಳು. "ಅಯ್ಯೋ, ಯಾರಯ್ಯ ನೀನು? ಬಿಡು ಕೈ!" ಎಂದು ಕಿರುಚಿ ಕೊಡವಿಕೊಂಡಳು. ನೀರು ಕೇತನನ್ನು ಒಳಗೆ ಎಳೆದುಕೊಂಡಿತು.

ಅವಳ ಮೇಲೆ ಕೇತನಿಗೆ ಸಿಟ್ಟು ಬರಲಿಲ್ಲ. ಗುರುತಿಲ್ಲದವನ ಕೈಯನ್ನು ಯಾರೂ ಹಿಡಿದುಕೊಂಡಿರುವುದಿಲ್ಲ. ಅದು ಲೋಕದ ರೀತಿ. ಆ ದಿನದಿಂದ ಅವನು ತನ್ನ ಕತೆಯನ್ನು ಯಾರಿಗೂ ಹೇಳಲಿಲ್ಲ.

ಹೀಗಿರುವಾಗ ಒಂದು ಬೆಳಿಗ್ಗೆ ಬಂಕಣ್ಣನೆಂಬ ದನದ ದಲ್ಲಾಳಿ ಬಂದ. ಸಂತೆಗಳಲ್ಲಿ ತಲೆ ನರೆತ ಮನುಷ್ಯ. ಹಡಗಿಗೆ ಗಾಳಿ ಸಿಗದೆ ಬಂದರಿನಲ್ಲಿ ಸುಮ್ಮನೆ ಕೂರಬೇಕಾಗಿತ್ತು; ಸುಮ್ಮನೆ ಕೂತು ಅಭ್ಯಾಸವಿಲ್ಲದ್ದರಿಂದ ಬೆಟ್ಟಕ್ಕೆ ಬಂದ.

ಕರಗಿದ ಕಲ್ಲಿನ ಕೆರೆಯ ದಂಡೆಯಲ್ಲಿ ಗಾಳಿ ತಿರುಗುವ ಹೊತ್ತು ನೋಡಿ ಕೇತ ಜನರನ್ನು ನಿಲ್ಲಿಸಿದ. ಕೆರೆ ಕೆಂಪಾಯಿತು, ಹಳದಿಯಾಯಿತು, ನಡುವಿನಿಂದ ಬೆಂಕಿಯ ಹಂಸವೊಂದು ಎದ್ದು ರೆಕ್ಕೆ ಬಡಿಯಿತು. "ಆಹಾ!" ಎಂದರು ಎಲ್ಲರೂ.

ಬಂಕಣ್ಣ ಮಾತ್ರ, "ಇದರ ಪಕ್ಕ ಒಂದು ಗಾಣದ ಮನೆ ಹಾಕಿದ್ರೆ ಬೆಲ್ಲ ಕಾಯಿಸೋಕೆ ಸೌದೆ ಉಳೀತಿತ್ತು," ಎಂದ.

ಕೇತನಿಗೆ ನಗು ಬಂತು. ಬೆಟ್ಟದೊಳಗೆ ಧೂಮಾಂಗದನಿಗೆ ಒಂದು ತುತ್ತು ತಪ್ಪಿತು.

ಮುಂದೆ ಕರಿಗಾಜಿನ ಬಯಲು. ಬೆಂಕಿ ಹರಿದು ತಣ್ಣಗಾದ ಕಲ್ಲು ಅಲ್ಲಿ ಕನ್ನಡಿಯಾಗಿತ್ತು. ಅದರಲ್ಲಿ ಇಣುಕಿದವರಿಗೆ, ತಮಗಾಗಿ ಕಾಯುತ್ತಿರುವವರೆಲ್ಲ ಕಾಣಿಸುತ್ತಿದ್ದರು. ಒಬ್ಬನಿಗೆ ಹೆಂಡತಿ ಮಕ್ಕಳು ಕಂಡರು, ಒಬ್ಬಳಿಗೆ ತವರಿನವರು ಕಂಡರು. "ಆಹಾ!" ಎಂದರು.

ಬಂಕಣ್ಣ ಇಣುಕಿದ. ಕನ್ನಡಿಯಲ್ಲಿ ಕರಿಯ ಬಯಲು ಬಿಟ್ಟರೆ ಏನೂ ಇರಲಿಲ್ಲ. ಒಂದು ಗಳಿಗೆ ನೋಡಿದ. "ಇದು ನನಗೆ ಗೊತ್ತಿರೋ ವಿಷಯಾನೇ," ಎಂದು ಎದ್ದ. ತಿರುಗಿದರೆ ಕೇತ ಕನ್ನಡಿಗೆ ಬೆನ್ನು ಹಾಕಿ ದೂರ ನಿಂತಿದ್ದ.

"ನೀನು ನೋಡಲ್ವೇನಪ್ಪ?"

"ದಿನಾ ಬರೋ ದಾರಿ. ಒಂದು ಸಲ ನೋಡಿದ್ದೇನೆ, ಸಾಕು."

ಬಂಕಣ್ಣ ಅವನನ್ನು ಮೇಲಿಂದ ಕೆಳಗೆ ನೋಡಿದ. ದನದ ವ್ಯಾಪಾರದವನಾದ್ದರಿಂದ ಮೊದಲು ನಡಿಗೆ ನೋಡುವುದು ಅವನ ಅಭ್ಯಾಸ. ಬಂದವರೆಲ್ಲ ಬೆಟ್ಟ ನೋಡುತ್ತಿದ್ದರೆ ಅವನು ಬೆಳಿಗ್ಗೆಯಿಂದ ಈ ಹುಡುಗನ ಹೆಜ್ಜೆ ನೋಡುತ್ತಿದ್ದ. "ನಿನ್ನ ಹೆಸರೇನು?" ಎಂದ.

ಯಾರೂ ಕೇಳದೆ ಎಷ್ಟೋ ಕಾಲವಾಗಿತ್ತು. "ಕೇತ," ಎಂದ ಕೊನೆಗೆ.

ಮೂರನೆಯದು ಬಿಸಿನೀರ ಕಣಿವೆ. ಅಲ್ಲಿ ಉಗಿಯ ಕೋಣವೊಂದು ಕಾವಲಿತ್ತು. ಬೆಟ್ಟ ನೋಡಿಯೂ ಬೆರಗಾಗದವರನ್ನು ಅದು ಮುಂದೆ ಬಿಡುತ್ತಿರಲಿಲ್ಲ. ಅದು ಕೊಂಬು ಬೀಸುತ್ತ ಬಂಕಣ್ಣನ ಮೇಲೇ ನುಗ್ಗಿತು. ಜನ ಚೀರಿ ಬಂಡೆಗಳ ಹಿಂದೆ ಅಡಗಿದರು. ಬಂಕಣ್ಣ ನಿಂತಲ್ಲೇ ನಿಂತ. ಹತ್ತಿರ ಬಂದೊಡನೆ ಅದರ ಮೂಗು ಹಿಡಿದು ಬಾಯಿ ಅಗಲಿಸಿದ.

"ಏ, ಹಲ್ಲೇ ಇಲ್ಲವಲ್ಲೋ ಇದಕ್ಕೆ! ಇಂಥ ಮುದಿ ಕೋಣಕ್ಕೆ ಹೆದರ್ತಾರೇನು? ಹೋಗು, ಹೋಗಿ ಮಲಗು."

ಅಷ್ಟು ಕಾಲದಿಂದ ಯಾರೂ ಬಾಯಿ ನೋಡಿರದ ಕೋಣ ನಾಚಿ, ತಲೆ ತಗ್ಗಿಸಿ, ಬಿಸಿನೀರೊಳಗೆ ಇಳಿದುಹೋಯಿತು. ಕೇತ ಹೊಟ್ಟೆ ಹಿಡಿದುಕೊಂಡು ನಕ್ಕ. ನಗುನಗುತ್ತಲೇ ಅವನ ಬಾಯಿಂದ ಕತೆ ಹೊರಬಿತ್ತು: ಕೋಲು, ಜಲಪಾತ, ದಂಡಿನವನು, ಚಂಪಾವತಿ, ಅಕ್ಕನ ಖಾನಾವಳಿ, ಎಲ್ಲ.

ಬಂಕಣ್ಣ ಎಲೆಯಡಿಕೆ ಹಾಕಿಕೊಂಡು ಕೇಳಿದ. "ಪಾಪ ಅಂತ ನಾನು ಹೇಳೋನಲ್ಲ," ಎಂದ. "ಕಲ್ಲುದಾರೀಲಿ ದನ ಹೊಡೆಯೋಕೆ ನನಗೊಬ್ಬ ಆಳು ಬೇಕು. ಎತ್ತು ಕಾಲು ಮುರಿದುಕೊಳ್ಳದ ಹಾಗೆ ನಡೆಸಬಲ್ಲ ಮನುಷ್ಯ ಸುಲಭಕ್ಕೆ ಸಿಗಲ್ಲ."

"ನೀವೂ ಮರೀತೀರಿ, ಅಣ್ಣ."

"ಮರೀತೀನಿ," ಎಂದ ಬಂಕಣ್ಣ. "ಈಗ ಬಾಯಿ ಮುಚ್ಚು."

ಕೊನೆಯ ಜಲಪಾತದ ಬಳಿ ಬಂದರು. ಜನ ಒಬ್ಬೊಬ್ಬರಾಗಿ ನೀರಿನಡಿ ಹಾದು ಹೋದರು, ಒಬ್ಬೊಬ್ಬರಾಗಿ ಮರೆತರು. ಕೊನೆಗೆ ಬಂಕಣ್ಣ ಹೆಗಲ ಮೇಲಿನ ವಲ್ಲಿಯನ್ನು ತೆಗೆದು ತನ್ನ ಬಲಗೈ ಮೇಲೆ ಹೊದಿಸಿದ. ದನದ ಸಂತೆಯಲ್ಲಿ ವ್ಯಾಪಾರ ನಡೆಯುವುದೇ ಹಾಗೆ. ಬಾಯಲ್ಲಿ ಯಾರೂ ದರ ಹೇಳುವುದಿಲ್ಲ. ವಲ್ಲಿಯ ಕೆಳಗೆ ಬೆರಳು ಹಿಡಿದು, ಒತ್ತಿ, ಮಾತಾಡುತ್ತಾರೆ. ಒಳಗೆ ಏನಾಯಿತೆಂದು ಮೂರನೆಯವನಿಗೆ ಕಾಣುವುದಿಲ್ಲ. ಒಪ್ಪಿಗೆಯಾಗಿ ಕೈ ಮುಚ್ಚಿತೆಂದರೆ, ಸರಕು ಬಾಗಿಲು ದಾಟುವವರೆಗೆ ತೆರೆಯುವಂತಿಲ್ಲ. ತೆರೆದವನನ್ನು ಮತ್ತೆ ಯಾವ ಸಂತೆಯಲ್ಲೂ ದಲ್ಲಾಳಿ ಎನ್ನುವುದಿಲ್ಲ.

"ನಿನ್ನ ಕೋಲು ಕೊಡ್ತೀಯೇನೋ? ಚೆನ್ನಾಗಿದೆ," ಎಂದು ಬಂಕಣ್ಣ ಜೋರಾಗಿ ಕೂಗಿದ. ವಲ್ಲಿಯ ಕೆಳಗೆ ಕೇತನ ಐದೂ ಬೆರಳನ್ನು ಸೇರಿಸಿ ಒತ್ತಿದ. ಪೂರ್ತಿ ನನ್ನದು, ಎಂದು ಅದರ ಅರ್ಥ. ಕೇತ ತಿರುಗಿ ಒತ್ತಿದ. ಧೂಮಾಂಗದ ಬೆಟ್ಟದೊಳಗಿನಿಂದ ನೋಡಿದ; ಮುದುಕನೊಬ್ಬ ಕೋಲಿಗೆ ಚೌಕಾಸಿ ಮಾಡುವುದು ಮಾತ್ರ ಕಂಡಿತು. ಇಬ್ಬರೂ ನೀರೊಳಗೆ ನುಗ್ಗಿದರು.

ಆಚೆ ಬಂದಾಗ ಬಂಕಣ್ಣನ ತಲೆಯಲ್ಲಿ ಕೇತ ಇರಲಿಲ್ಲ. ಬೆಂಕಿಕೆರೆ ಇತ್ತು, ಕರಿಗಾಜು ಇತ್ತು, ಬೋಳು ಬಾಯಿಯ ಕೋಣ ಇತ್ತು. ಪಕ್ಕದಲ್ಲಿ ಒದ್ದೆಯಾಗಿ ನಡುಗುತ್ತಿರುವ ಈ ಹುಡುಗ ಯಾರು? ಗೊತ್ತಿಲ್ಲ. ಕೇತ ಅವನ ಮುಖವನ್ನೇ ನೋಡಿದ. ಈಗ ಕೊಡವುತ್ತಾನೆ, ಈಗ, ಎಂದು ಕಾದ.

ಬಂಕಣ್ಣ ಕೊಡವಲಿಲ್ಲ. ಕೈ ವಲ್ಲಿಯ ಕೆಳಗಿತ್ತು. ವಲ್ಲಿಯ ಕೆಳಗೆ ಬೆರಳು ಮುಚ್ಚಿತ್ತು. ಅಂದರೆ ಯಾವುದೋ ವ್ಯಾಪಾರ ಕುದುರಿದೆ. ಯಾವುದು? ಮರೆತಿದೆ. ಆದರೆ ಕುದುರಿದ ವ್ಯಾಪಾರ ಮರೆತಿದೆಯೆಂದು ಮುಖದಲ್ಲಿ ತೋರಿಸಿಕೊಂಡ ದಲ್ಲಾಳಿ ಕೆಟ್ಟ ಹಾಗೆಯೇ. ಅವನು ಎಲ್ಲ ಗೊತ್ತಿರುವವನಂತೆ ಕೆಮ್ಮಿ, "ನಡಿ, ನಡಿ," ಎಂದ.

ಆಗ ಧೂಮಾಂಗದನಿಗೆ ತಿಳಿಯಿತು. ಜರಿ ಪೇಟದ ಸಾಹುಕಾರನ ವೇಷದಲ್ಲಿ ಓಡಿಬಂದು ಬಾಗಿಲಿಗೆ ಅಡ್ಡ ನಿಂತ.

"ಸ್ವಾಮಿ, ವಲ್ಲಿಯ ಒಳಗೆ ಯಾರ ಕೈ?"

"ವ್ಯಾಪಾರದ್ದು."

"ಏನು ವ್ಯಾಪಾರ? ನಿಮಗೇ ಗೊತ್ತಿಲ್ಲ! ಆಣೆ ಮಾಡಿ ಹೇಳಿ, ಗೊತ್ತಿದೆಯೇ?"

"ವಲ್ಲಿಯೊಳಗಿನ ಮಾತು ಮೂರನೆಯವನಿಗೆ ಹೇಳೋ ಪದ್ಧತಿ ನಮ್ಮಲ್ಲಿಲ್ಲ. ದಾರಿ ಬಿಡಿ."

"ಆ ಕೈ ಬಿಟ್ಟುಬಿಡಿ, ನಿಮ್ಮ ತೂಕದ ಬಂಗಾರ ಕೊಡ್ತೀನಿ. ಬೇಡವೇ? ಬಂದರಿನ ಹಡಗೆಲ್ಲ ನಿಮ್ಮದು. ಈ ಬೆಟ್ಟವೇ ನಿಮ್ಮದು!"

ಬಂಕಣ್ಣ ಕಣ್ಣು ಕಿರಿದು ಮಾಡಿದ. ಇವನು ಇಷ್ಟೆಲ್ಲ ಕೊಡಲು ಬಂದಿದ್ದಾನೆಂದರೆ ತನ್ನ ಕೈಯಲ್ಲಿರುವ ಸರಕು ಇದಕ್ಕಿಂತ ದೊಡ್ಡದೇ ಇರಬೇಕು. ಹಿಡಿತ ಇನ್ನೂ ಬಿಗಿಯಾಯಿತು.

"ತಡವಾಗಿ ಬಂದಿರಿ, ಸಾಹುಕಾರ್ರೇ," ಎಂದು ಅವನನ್ನು ಭುಜದಿಂದ ತಳ್ಳಿ, ಕೇತನನ್ನು ಎಳೆದುಕೊಂಡು ಬಾಗಿಲು ದಾಟಿದ.

ಕೇತನ ಕಾಲು ಹೊಗೆಯಾಗಲಿಲ್ಲ. ಹಿಂದೆ ಜಲಪಾತ ಬರೀ ನೀರಾಯಿತು. ಖಾನಾವಳಿಯಲ್ಲಿ ಉಣ್ಣುತ್ತಿದ್ದವರ ಕೈ ತುತ್ತಿನಲ್ಲೇ ನಿಂತಿತು. ಎಲ್ಲರೂ ತಿರುಗಿ ಕೇತನನ್ನು ನೋಡಿದರು. ದೂರದ ಊರಿನಲ್ಲಿ ದಂಡಿನವನು ಕತ್ತಿ ಕೆಳಗಿಟ್ಟ. ಇನ್ನೊಂದು ಊರಿನಲ್ಲಿ ಚಂಪಾವತಿ ತನ್ನ ಅಂಗೈಯನ್ನು ಬಹಳ ಹೊತ್ತು ನೋಡಿಕೊಂಡಳು.

ಧೂಮಾಂಗದ ವೇಷ ಕಳಚಿ ಆಕಾಶದೆತ್ತರ ಬೆಳೆದ. "ನನ್ನನ್ನು ನೋಡಿ! ಇಲ್ಲಿ ನೋಡಿ!" ಎಂದು ಬೆಂಕಿ ಉಗುಳಿದ. ಒಬ್ಬರೂ ನೋಡಲಿಲ್ಲ. ತುತ್ತಿಲ್ಲದೆ ಕುಗ್ಗಿದ, ಕುಗ್ಗಿ ಕುಗ್ಗಿ ಒಂದು ಎಳೆ ಹೊಗೆಯಾದ, ಖಾನಾವಳಿಯ ಒಲೆಯ ಹೊಗೆಯೊಂದಿಗೆ ಸೇರಿ ಹೋದ.

ಸಾತವ್ವ ಹಿಟ್ಟಿನ ಕೈಯಲ್ಲೇ ಎದ್ದು ಬಂದಳು. ಅವಳ ಕೂದಲು ನರೆತಿತ್ತು. ತಮ್ಮನ ಮುಂದೆ ನಿಂತಳು. ಕಣ್ಣು ಕೆಂಪು ಮಾಡಿ ಬೈದಳು:

"ಬೆಳಿಗ್ಗೆ ಹೋದವನು ಈಗ ಬರ್ತೀಯೇನೋ? ಕೈ ತೊಳ್ಕೊ, ರೊಟ್ಟಿ ಆರ್ತಿದೆ."

ಬಂಕಣ್ಣನೂ ಪಂಕ್ತಿಯಲ್ಲಿ ಕೂತ. ಅವನಿಗೂ ಈಗ ಎಲ್ಲ ನೆನಪಾಗಿತ್ತು.

"ಅಣ್ಣ," ಎಂದ ಕೇತ, "ನನ್ನ ಗುರುತೇ ಇರಲಿಲ್ಲ ನಿಮಗೆ. ಆ ಸಾಹುಕಾರ ಮಾಂತ್ರಿಕ ಅಂತ ಗೊತ್ತಿದ್ದಿದ್ದರೆ?"

"ಗೊತ್ತಿದ್ದಿದ್ದರೆ ಹೆದರಿ ಕೈ ಬಿಡ್ತಿದ್ದೆ," ಎಂದ ಬಂಕಣ್ಣ. "ಸಾತವ್ವ, ಇನ್ನೊಂದು ರೊಟ್ಟಿ ಹಾಕವ್ವಾ."

ಆಮೇಲೆ ಕೇತ ಒಂದು ಸುಗ್ಗಿಯವರೆಗೆ ಬಂಕಣ್ಣನ ಎತ್ತುಗಳನ್ನು ಕಲ್ಲುದಾರಿಯಲ್ಲಿ ನಡೆಸಿದ. ಒಂದರ ಕಾಲೂ ಮುರಿಯಲಿಲ್ಲ. ಬಳಿಕ ಬೂದಿಗಿರಿಗೆ ಮರಳಿ, ಮನಸ್ಸು ಬಂದ ದಿನ ಜನರಿಗೆ ಬೆಟ್ಟ ತೋರಿಸಿದ, ಬಾರದ ದಿನ ಅಕ್ಕನ ಒಲೆಗೆ ಸೌದೆ ಒಡೆದ. ಸಂತೆ ಇಲ್ಲದ ತಿಂಗಳುಗಳಲ್ಲಿ ಬಂಕಣ್ಣನೂ ಅಲ್ಲಿಗೇ ಬಂದು ಇರುತ್ತಿದ್ದ. ಬೆಟ್ಟ ಉರಿಯುತ್ತಲೇ ಇತ್ತು, ನೀರು ಬೀಳುತ್ತಲೇ ಇತ್ತು, ಹಡಗುಗಳು ಬರುತ್ತಲೇ ಇದ್ದವು. ಅವರೆಲ್ಲ ಹೊಟ್ಟೆತುಂಬ ಉಂಡು, ಕಣ್ತುಂಬ ನಿದ್ದೆ ಮಾಡಿ, ಒಬ್ಬರನ್ನೊಬ್ಬರು ಹೆಸರು ಹಿಡಿದು ಕೂಗಿಕೊಂಡು, ಬಹುಕಾಲ ಸುಖವಾಗಿದ್ದರು.