ತಂಗಡಿ ಹೂವಿನ ಗುಡ್ಡ

“ಪ್ಯಾಟ್ಯಾಗ ತಂಗಡಿ ಹೂ ಮುಗದಾವಂತ. ಅದಿಲ್ದ ಬತುಕಮ್ಮ ಮಾಡೂದಿಲ್ಲಂತ ಸುಗಲಮ್ಮ ಅಳಾಕತ್ತಾಳ. ನಡೀರಿ, ಗುಡ್ಡ ಹತ್ತೂಣು!”

ಸನತ್‌ನಗರದ ಸಾಲುಮನೆಯಲ್ಲಿ ಅಂಬವ್ವ ಹೀಗೆ ಅಪ್ಪಣೆ ಕೊಟ್ಟಾಗ ಗಂಡ ಬಂಡೆಪ್ಪ, ಮೈದುನ ಕಲ್ಲೇಶ ಇಬ್ಬರೂ ಕೆಲಸದ ಕಬ್ಬಿಣದ ಬುಟ್ಟಿ ಹಿಡಿದು ಎದ್ದು ನಿಂತರು. ಊರು ಬಿಟ್ಟು ದುಡಿಯಲು ಬಂದ ಮೂವರದೂ ಕಟ್ಟಡದ ಕೆಲಸ. ಅಂಬವ್ವ ಜ್ವರದಿಂದ ಮಲಗಿದಾಗ ಗಂಜಿ ಕುಡಿಸಿ ಉಳಿಸಿಕೊಂಡವಳು ಪಕ್ಕದ ಮನೆಯ ತೆಲುಗು ಹೆಂಗಸು ಸುಗಲಮ್ಮ. ಪ್ರತಿ ವರ್ಷ ತಾನೇ ಹೂ ತಂದು, ಸುತ್ತು ಸುತ್ತಾಗಿ ಪೇರಿಸಿ ಬತುಕಮ್ಮ ಎಂಬ ಹೂವಿನ ದೇವಿಯನ್ನು ಮಾಡುತ್ತಿದ್ದಳು. ಈ ಸಲ ಅವಳ ಕಾಲಿಗೆ ಪ್ಲಾಸ್ಟರ್. ಸಂಜೆಯೊಳಗೆ ಹೂ ಬಂದರೆ ಹಬ್ಬ, ಇಲ್ಲದಿದ್ದರೆ ಇಲ್ಲ.

ಮಿಯಾಪುರದಾಚೆ, ಅಪಾರ್ಟ್‌ಮೆಂಟುಗಳ ಸಾಲು ಮುಗಿದಲ್ಲಿ ಗುಡ್ಡ ಎದ್ದಿತ್ತು. ದೊಡ್ಡ ದೊಡ್ಡ ಬಂಡೆಗಳು ಒಂದರ ಮೇಲೊಂದು ಕೂತಿದ್ದವು. ಕೆಳಗಿನ ಪೊದೆಗಳನ್ನು ಜನ ಆಗಲೇ ಬೋಳಿಸಿಬಿಟ್ಟಿದ್ದರು. ನೆತ್ತಿಯ ಸಂದುಗಳಲ್ಲಿ ಮಾತ್ರ ತಂಗಡಿ ಅರಿಶಿನ ಚೆಲ್ಲಿದಂತೆ ಅರಳಿ ಗಾಳಿಗೆ ತೂಗುತ್ತಿತ್ತು. ಅಂಬವ್ವನಿಗೆ ಖುಷಿ ತಡೆಯಲಾಗಲಿಲ್ಲ. ಸೆರಗು ಸಿಕ್ಕಿಸಿ ಮೊದಲು ಹತ್ತಿದವಳು ಅವಳೇ.

ಕೆಲಸದ ಜಾಗದಲ್ಲಿ ನಿಲ್ಲುವಂತೆಯೇ ಮೂವರೂ ನಿಂತರು. ಮೇಲೆ ಅಂಬವ್ವ, ನಡುವೆ ಕಲ್ಲೇಶ, ಕೆಳಗೆ ಬಂಡೆಪ್ಪ. ಅಂಬವ್ವ ಹೂ ತುಂಬಿದ ಕಬ್ಬಿಣದ ಬುಟ್ಟಿ ಇಳಿಸಿದಳು. ಕಟ್ಟಡದಲ್ಲಾದರೆ ಮೇಲಿನಿಂದ ಬರುವುದು ಯಾವಾಗಲೂ ಖಾಲಿ ಬುಟ್ಟಿ. ಹಿಡಿದ ಕೂಡಲೇ ಕೆಳಕ್ಕೆ ಎಸೆಯುವುದು ಕಲ್ಲೇಶನ ರೂಢಿ. ಎಸೆದೇಬಿಟ್ಟ!

ಠಣ್! ಹೂವೆಲ್ಲ ಕೊರಕಲು ಪಾಲಾಯಿತು.

“ಏ ಹುಚ್ಚಪ್ಯಾಲಿ! ತುಂಬಿದ ಬುಟ್ಟಿ ಅದು!”

“ತಪ್ಪಾತು ವೈನಿ! ಕೈ ತಾನ ಎಸದಬಿಡ್ತು!”

ಉಳಿದದ್ದು ಒಂದೇ ಪೊದೆ, ಅದೂ ಬಂಡೆಯ ಅಂಚಿನಾಚೆ. ಬಂಡೆಪ್ಪ ದಡದಡನೆ ಹತ್ತಿ ಬಂದ. ಅಂಬವ್ವ ಬೋರಲು ಮಲಗಿ ಕೈ ಚಾಚಿದಳು. ಅವನು ಅವಳ ಕಾಲು ಹಿಡಿದ.

ಮೈ ಕೆಳಗಿನ ಹರಳು ಜಾರಿತು. ಅವಳು ಬಂಡೆಯ ಅಂಚು ಬಿಗಿಹಿಡಿದಳು.

“ಬಿಡಬ್ಯಾಡ್ರಿ ಮತ್ತ!”

“ಇಷ್ಟು ವರ್ಷ ನಿನ್ನ ಕಾಲು ಹಿಡದ ಬಾಳೇ ಮಾಡೀನಿ, ಈಗ ಬಿಡ್ತೀನೇನ?”

ನಗುತ್ತಲೇ ಅವಳು ಹೂ ಕಿತ್ತಳು. ಮೊಣಕೈ ತರಚಿತು, ಉಡಿ ತುಂಬಿತು.

ಹೊತ್ತು ಇಳಿಯುವಾಗ ಮನೆ ಮುಟ್ಟಿದರು. ಬತುಕಮ್ಮನಿಗೆ ತಂಗಡಿಯ ಒಂದೇ ಸುತ್ತು ಬಂತು, ಮೇಲೆಲ್ಲ ಚೆಂಡುಹೂ. ಸುಗಲಮ್ಮನಿಗೆ ಅಷ್ಟೇ ಸಾಕಾಯಿತು. ಕಣ್ಣೊರೆಸಿಕೊಂಡು ತನ್ನ ಹರಕುಮುರುಕು ಕನ್ನಡದಲ್ಲಿ, “ನನಗೆ ನಡಿಯಾಕ ಆಗಲ್ಲ. ಕೆರೆಗೆ ಬಿಡಾಕ ನೀನೇ ಹೊರು, ಅಕ್ಕಾ” ಎಂದು ಹೂವಿನ ದೇವಿಯನ್ನು ಅಂಬವ್ವನ ತಲೆಗೇರಿಸಿದಳು.

ಈ ಊರಿಗೆ ಬಂದಂದಿನಿಂದ ಆ ತಲೆ ಇಟ್ಟಿಗೆ, ಸಿಮೆಂಟು ಹೊತ್ತದ್ದೇ ಹೊತ್ತದ್ದು. ದೇವಿಯನ್ನು ಹೊರು ಎಂದು ಯಾರೂ ಹೇಳಿರಲಿಲ್ಲ. ಅಂಬವ್ವನ ಕಣ್ಣು ತುಂಬಿ ಬಂತು.

“ಸರೀರಿ, ಸರೀರಿ! ದಾರಿ ಬಿಡ್ರಿ!” ಎಂದು ಕೂಗುತ್ತ ಅವಳು ಎಲ್ಲರಿಗಿಂತ ಮುಂದೆ ನಡೆದಳು.