ನೆಲ ಮುಟ್ಟದ ಹಿಮ್ಮಡಿ

“ಆ ಗಚ್ಚು ಒಡೆಸಿಕೊಂಡೇ ಒಳಗೆ ಬಾ! ಅಲ್ಲಿಯವರೆಗೆ ಈ ಹೊಸಿಲು ದಾಟಬೇಡ!”

ಡೊಂಬಿವಲಿಯ ಚಾಳಿನ ಬಾಗಿಲಿಗೆ ಅಡ್ಡ ನಿಂತು ರತ್ನಾವತಿ ಅರಚಿದ ರಭಸಕ್ಕೆ, ಸೊಸೆ ಹರಿಣಾಕ್ಷಿಯ ಸೊಂಟದ ಮೇಲಿದ್ದ ಆರು ವರ್ಷದ ಪ್ರೇಕ್ಷಾ ನಡುಗಿಹೋದಳು. ಮಗುವಿನ ಎರಡೂ ಕಾಲಿಗೆ ಮೊಣಕಾಲಿನ ಕೆಳಗೆ ಬಿಳಿ ಪ್ಲಾಸ್ಟರ್. ಅದಿನ್ನೂ ಸರಿಯಾಗಿ ಒಣಗಿರಲಿಲ್ಲ.

ಅವರದು ಒಂದೇ ಕೋಣೆಯ ಮನೆ. ಹರಿಣಾಕ್ಷಿಯ ಗಂಡ ಲೋಕನಾಥನಿಗೆ ಮಹಾಪೆಯ ಕಾರ್ಖಾನೆಯಲ್ಲಿ ರಾತ್ರಿಪಾಳಿ, ಹಗಲೆಲ್ಲ ನಿದ್ದೆ. ಅವಳು ವಾಗ್ಳೆ ಎಸ್ಟೇಟ್ ಎಂಬ ಕೈಗಾರಿಕಾ ಪ್ರದೇಶದ ಪ್ಯಾಕಿಂಗ್ ಕೆಲಸಕ್ಕೆ ರೈಲು ಹಿಡಿದ ಮೇಲೆ ಮಗು ಅಜ್ಜಿಯ ಕೈಯಲ್ಲಿ. ಹೆಜ್ಜೆ ಸದ್ದಾದರೆ ತೊಡೆಗೆ ಒಂದು ಚಿವುಟು! ಪಾಪ, ಮಗು ತುದಿಗಾಲಲ್ಲೇ ನಡೆಯಿತು, ತುದಿಗಾಲಲ್ಲೇ ಬೆಳೆಯಿತು. “ನಮ್ಮ ಪುಳ್ಳಿ ನಡೆದರೆ ಬೆಕ್ಕಿಗೂ ಗೊತ್ತಾಗುದಿಲ್ಲ” ಎಂದು ರತ್ನಾವತಿ ಭಜನಾ ಮಂಡಳಿಯ ಹೆಂಗಸರ ಮುಂದೆ ಬೀಗುತ್ತಿದ್ದಳು. ಬೀಗುವುದಕ್ಕೂ ಒಂದು ಮಿತಿ ಬೇಡವೇ?

ಶಾಲೆಯಲ್ಲಿ ಮಗು ಮತ್ತೆ ಮತ್ತೆ ಮುಗ್ಗರಿಸಿದಾಗ ಡಾಕ್ಟರು ಪಾದವನ್ನು ಮೇಲಕ್ಕೆ ಒತ್ತಿ ನೋಡಿದ್ದರು. ಅದು ಬಾಗಲೇ ಇಲ್ಲ. ಹೀಗೆ ನಡೆಯುವ ಮಕ್ಕಳು ಬಹಳ, ಶುರುವಾದದ್ದು ಯಾಕೆಂದು ಖಂಡಿತವಾಗಿ ಹೇಳಲಾಗದು. ಆದರೆ ಹಿಮ್ಮಡಿ ಊರದೆ ಊರದೆ ಮೀನಖಂಡದ ಸ್ನಾಯು ಗಿಡ್ಡವಾಗಿ ಬಿಗಿದಿದೆ. ಆರು ವಾರ ಪ್ಲಾಸ್ಟರ್ ಬದಲಿಸುತ್ತ ಸಡಿಲಿಸಬೇಕು, ತಡವಾದರೆ ಆಪರೇಷನ್ನೇ ಗತಿ ಎಂದರು. ಅರ್ಧ ಮಾತನ್ನಷ್ಟೇ ತಲೆಗೆ ಹಚ್ಚಿಕೊಂಡ ಹರಿಣಾಕ್ಷಿ, ಚಾಳಿನ ಮೆಟ್ಟಿಲಲ್ಲೇ ಮಂಡಳಿಯ ಹೆಂಗಸರು ಕೇಳುವಂತೆ, “ಅತ್ತೆ ಚಿವುಟಿ ಚಿವುಟಿಯೇ ಹೀಗಾದದ್ದು” ಎಂದುಬಿಟ್ಟಿದ್ದಳು.

“ನಾನು ಪುಳ್ಳಿಯ ಕಾಲು ಹಾಳು ಮಾಡಿದವಳಾ? ಆಯ್ತು ಮಾರಾಯ್ತಿ! ನಾಳೆ ನೀನು ಕೆಲಸಕ್ಕೆ ಹೋಗ್ತಿಯಲ್ಲ? ಬಾಲ್ದಿ ನೀರಲ್ಲಿ ಕಾಲು ಅದ್ದಿಡ್ತೇನೆ. ಸಂಜೆ ನೀನು ಬರುವಾಗ ಗಚ್ಚೆಲ್ಲ ಹಿಟ್ಟು!”

ಹರಿಣಾಕ್ಷಿ ಒಳಗೆ ಮಲಗಿದ್ದ ಗಂಡನನ್ನು ಕೂಗಿದಳು. “ಇವ್ರೇ... ನೀವಾದ್ರೂ ಹೇಳಿ!”

“ಅಮ್ಮ ಯಾಕೆ ಚಿವುಟ್ತಾರೆ? ಸುಮ್ನೆ ಇಲ್ಲದ್ದು ಹೇಳ್ಬೇಡ. ನಂಗೆ ನಿದ್ದೆ ಬೇಕು” ಎಂದು ಲೋಕನಾಥ ಚಾದರ ಎಳೆದುಕೊಂಡ.

ರತ್ನಾವತಿ ದನಿ ತಗ್ಗಿಸಿದಳು. “ಸಂಜೆ ಭಜನೆಗೆ ಎಲ್ಲ ಬರ್ತಾರೆ. ಅವರೆದುರು ಹೇಳು, ನೀನೇ ಕಲಿಸಿದ್ದು ಅಂತ. ಮತ್ತೆ ಆರು ವಾರ ಅಲ್ಲ, ಆರು ತಿಂಗಳು ಬೇಕಾದ್ರೂ ಕಟ್ಟಿಸು, ನಾನು ಮುಟ್ಟುದಿಲ್ಲ.”

ಅಯ್ಯೋ, ಇದೆಂಥ ಕಟುಕತನ! ಹರಿಣಾಕ್ಷಿಗೆ ತಾಯಿಯಿಲ್ಲ; ಮಗುವನ್ನು ಬಿಟ್ಟುಹೋಗಲು ಬೇರೆ ಮನೆಯಿಲ್ಲ. ಮಗುವಿನ ಕಾಲು ನೋಡಿದಳು, ಹಲ್ಲು ಕಚ್ಚಿದಳು.

ಸಂಜೆ ತಾಳ ನಿಂತ ಮೇಲೆ ಅವಳು ಎದ್ದು ನಿಂತಳು. “ನಾನು ಸುಳ್ಳು ಹೇಳಿದ್ದು... ಇವರ ನಿದ್ದೆ ಕೆಡಬಾರ್ದು ಅಂತ ಮಗುವಿಗೆ ಹಾಗೆ ನಡೀಲಿಕ್ಕೆ ನಾನೇ ಕಲಿಸಿದ್ದು. ಅತ್ತೆ ಬೇಡ ಅಂದಿದ್ರು.”

“ಮಮ್ಮಿ, ಝೂಟ್ ಕ್ಯೋಂ—” ಎಂದು, ಸುಳ್ಳು ಯಾಕೆಂದು ಕೇಳಹೊರಟ ಪ್ರೇಕ್ಷಾಳ ಬಾಯಿಗೆ ತಾಯಿಯ ಕೈ ಅಡ್ಡ ಬಂತು.

“ಛೆ, ಹೆತ್ತವಳೇ ಹೀಗಾ!” ಯಾರೋ ಲೊಚಗುಟ್ಟಿದರು. ಲೋಕನಾಥ ಅವಳನ್ನು ದುರುಗುಟ್ಟಿ ನೋಡಿ, ಊಟದ ಡಬ್ಬಿಯನ್ನೂ ಮುಟ್ಟದೆ ಪಾಳಿಗೆ ಹೊರಟುಹೋದ.

ರತ್ನಾವತಿ ಮಾತು ತಪ್ಪಲಿಲ್ಲ ಅನ್ನಿ. ಸ್ನಾನದ ಹೊತ್ತಿಗೆ ಪ್ಲಾಸ್ಟರಿಗೆ ಪ್ಲಾಸ್ಟಿಕ್ ಚೀಲ ಕಟ್ಟಿದವಳೂ ಅವಳೇ. ಆದರೆ ಆರು ವಾರವೂ ಲೋಕನಾಥ ಹೆಂಡತಿಯ ಜೊತೆ ಒಂದು ಮಾತೂ ಆಡಲಿಲ್ಲ.

ಕೊನೆಯ ಪ್ಲಾಸ್ಟರ್ ಕತ್ತರಿಸುವ ದಿನ ಎಲ್ಲರೂ ಆಸ್ಪತ್ರೆಗೆ ಹೋದರು. ಪ್ರೇಕ್ಷಾ ಅಪ್ಪನ ಬೆರಳು ಹಿಡಿದು ಮಂಚದಿಂದ ಇಳಿದಳು. ಅಳುಕುತ್ತ ಒಂದು ಹಿಮ್ಮಡಿ ಊರಿದಳು... ಆಮೇಲೆ ಇನ್ನೊಂದು! ಲೋಕನಾಥ ಮಗಳನ್ನು ಬಾಚಿ ಎತ್ತಿಕೊಂಡು ಗಳಗಳನೆ ಅತ್ತುಬಿಟ್ಟ.

“ನಿನ್ನಮ್ಮ ಹಾಳು ಮಾಡಿದ ಕಾಲನ್ನು ಡಾಕ್ಟರು ಸರಿ ಮಾಡಿದ್ರು ಮಗಾ!”

ರತ್ನಾವತಿ ಮುಖ ತಿರುಗಿಸಿ ಗೋಡೆ ನೋಡಿದಳು. ಮಗು ತಾಯಿಯನ್ನೇ ನೋಡುತ್ತಿತ್ತು.

“ಹೌದು ಮಗಾ” ಎಂದಳು ಹರಿಣಾಕ್ಷಿ.